ಹಳ್ಳದ ದಂಡೆಯ ಪ್ಲಾಟಿಗೆ ಸಹಿ ಹಾಕುವ ಮುನ್ನ

ನಮ್ಮ ಭಾಗದ ಗ್ರಾಮ ಪಂಚಾಯಿತಿ ಸದಸ್ಯರಿಗೆ, ಪಿಡಿಒಗಳಿಗೆ, ಹಳ್ಳದ ಬದಿಯ ಹೊಲವನ್ನು ಪ್ಲಾಟು ಮಾಡಿಸಲು ಓಡಾಡುತ್ತಿರುವ ಅಣ್ಣಂದಿರಿಗೆ ಸೈದಾಪುರದಿಂದ ಒಂದು ಮನವಿ.

ರೈಲು ನಿಲ್ಲುವ ಊರಿನಲ್ಲಿ ಜಾಗಕ್ಕೆ ಬೆಲೆ ಏರುವುದು ಸಹಜ. ಜೋಳ, ಹತ್ತಿ ಬೆಳೆದ ಎರೆ ಹೊಲವನ್ನು ಎನ್‌ಎ ಮಾಡಿಸಿ ಮಾರುವವರನ್ನು ನಾನು ದೂರುವುದಿಲ್ಲ. ಮಗಳ ಮದುವೆ, ಮಗನ ಓದು, ಬ್ಯಾಂಕಿನ ಸಾಲ ಎಲ್ಲರ ಮನೆಯಲ್ಲೂ ಇವೆ. ನಾನು ಕೇಳುತ್ತಿರುವುದು ಆ ಹೊಲದ ಅಂಚಿಗೆ ಹರಿಯುವ ಹಳ್ಳದ ಪರವಾಗಿ.

ಪಹಣಿಯ ಮೂರನೇ ಕಾಲಂ ನೋಡಿ. ಒಟ್ಟು ವಿಸ್ತೀರ್ಣದ ಕೆಳಗೆ ಖರಾಬು (ಅ), ಖರಾಬು (ಬ) ಎಂದು ಎರಡು ಸಾಲು ಇವೆ. ‘ಅ’ ಎಂದರೆ ಸಾಗುವಳಿಗೆ ಬಾರದ ನೆಲ. ‘ಬ’ ಎಂದರೆ ದಾರಿಗೆ, ಹಳ್ಳಕ್ಕೆ, ಸಾರ್ವಜನಿಕರ ಬಳಕೆಗೆ ಸರ್ವೆಯವರು ಬಿಟ್ಟ ನೆಲ. ಅದಕ್ಕೆ ಕಂದಾಯವಿಲ್ಲ. 1964ರ ಕರ್ನಾಟಕ ಭೂ ಕಂದಾಯ ಕಾಯ್ದೆಯ 67ನೇ ಕಲಂ ನದಿ, ಹಳ್ಳ, ನಾಲೆ, ಕೆರೆಗಳನ್ನು ಸರ್ಕಾರದ ಸ್ವತ್ತು ಎನ್ನುತ್ತದೆ. ಆದರೆ ಬೇಸಿಗೆಯಲ್ಲಿ ಹಳ್ಳ ಒಣಗಿ ಜಾಲಿ ಬೆಳೆದಾಗ ಅದು ಬೀಳು ಜಾಗದಂತೆ ಕಾಣುತ್ತದೆ. ಟ್ರ್ಯಾಕ್ಟರಿನಲ್ಲಿ ನಾಲ್ಕು ಸಲ ಮುರುಮ್ ತಂದು ಸುರಿದರೆ ಮಟ್ಟಸವಾಗುತ್ತದೆ. ಪಂಚಾಯಿತಿಯ ಆಸ್ತಿ ದಾಖಲೆಗಳಾದ ನಮೂನೆ 9, ನಮೂನೆ 11 ಕೈಗೆ ಬಂದ ಮೇಲೆ ಕೊಳ್ಳುವವನಿಗೆ ಹಳ್ಳದ ಗುರುತೇ ಸಿಗುವುದಿಲ್ಲ.

ಹೊಲದವರ ಸಂಕಟವೂ ನಿಜ. ಎರೆ ಮಣ್ಣಿನ ದಂಡೆಯನ್ನು ಮಳೆಗಾಲ ಕೊರೆಯುತ್ತದೆ. ಹಳ್ಳ ಒಂದು ಕಡೆ ತಿಂದು ಇನ್ನೊಂದು ಕಡೆ ಬಿಡುತ್ತದೆ. ನಿಜಾಮರ ಕಾಲದ ದಾಖಲೆಗೂ ಇಂದಿನ ನೆಲಕ್ಕೂ ಕೆಲವು ಕಡೆ ತಾಳೆಯಾಗದಿರಬಹುದು. ಅಂಥ ತಕರಾರನ್ನು ವಿಚಾರಣೆ ಮಾಡಿ ತೀರ್ಮಾನಿಸಲು ಅದೇ 67ನೇ ಕಲಮಿನಲ್ಲಿ ದಾರಿಯಿದೆ. ಮಣ್ಣು ಸುರಿಯುವ ಮುಂಚೆ ಆ ದಾರಿ ಹಿಡಿಯಿರಿ ಎಂದಷ್ಟೇ ಬೇಡುತ್ತೇನೆ.

ತಡವಾದರೆ ಏನಾಗುತ್ತದೆ ಎಂಬುದಕ್ಕೆ ಪಂಜಾಬಿನ ಪಟಿಯಾಲಾ ಜಿಲ್ಲೆಯ ರೋಹರ್ ಜಾಗೀರ್ ಗ್ರಾಮವಿದೆ. ಊರ ಕೊಳವನ್ನು ತುಂಬಿ ಕೆಲವರು ಕಟ್ಟಡ ಎಬ್ಬಿಸಿದರು. ಜಾಗದ ಬೆಲೆ ಕಟ್ಟಿಸಿಕೊಂಡು ಸಕ್ರಮ ಮಾಡಿ ಎಂದರು ಕಲೆಕ್ಟರ್. ಪಂಚಾಯಿತಿಯೇ ಒತ್ತುವರಿದಾರರೊಂದಿಗೆ ಶಾಮೀಲಾಗಿದೆ ಎಂದು ಕಮಿಷನರ್ ಆ ಆದೇಶ ರದ್ದು ಮಾಡಿದರು. ಸುಪ್ರೀಂ ಕೋರ್ಟ್ 2011ರ ಜನವರಿ 28ರಂದು, ಮನೆಗೆ ಎಷ್ಟೇ ದುಡ್ಡು ಸುರಿದಿದ್ದರೂ ಸಕ್ರಮವಾಗದು ಎಂದಿತು. ಊರ ಸಾರ್ವಜನಿಕ ಜಾಗದ ಒತ್ತುವರಿ ತೆರವಿಗೆ ಯೋಜನೆ ರೂಪಿಸುವಂತೆ ಎಲ್ಲ ರಾಜ್ಯಗಳಿಗೂ ಹೇಳಿತು. 2024ರ ನವೆಂಬರ್ 13ರಂದು ಅದೇ ಕೋರ್ಟ್, ಕೆಡವುವ ಮುನ್ನ 15 ದಿನದ ನೋಟಿಸ್ ಕೊಡಬೇಕೆಂದು ವಿಧಿಸಿದಾಗಲೂ ನದಿ, ಜಲಮೂಲಗಳ ಮೇಲಿನ ಅನಧಿಕೃತ ಕಟ್ಟಡಗಳಿಗೆ ಆ ರಕ್ಷಣೆ ಕೊಡಲಿಲ್ಲ.

ಬೆಂಗಳೂರು ಇನ್ನೂ ಹತ್ತಿರದ ಪಾಠ. 2016ರ ಆಗಸ್ಟಿನಲ್ಲಿ ಬಿಬಿಎಂಪಿ ರಾಜಕಾಲುವೆ ಮೇಲಿನ ಮನೆಗಳನ್ನು ಕೆಡವಿದಾಗ ಜನ ಖಾತೆ, ಮಂಜೂರಾದ ನಕ್ಷೆ, ಸಾಲದ ಕಾಗದ ಹಿಡಿದು ನಿಂತಿದ್ದರು. ಸಹಿ ಹಾಕಿದವರ ಮನೆಗೆ ಜೆಸಿಬಿ ಹೋಗಲಿಲ್ಲ. ನನಗೆ ಅತ್ಯಂತ ಅನ್ಯಾಯ ಅನ್ನಿಸುವುದು ಇದೇ. ಅದೇ ವರ್ಷ ಹಸಿರು ನ್ಯಾಯಮಂಡಳಿ ಕೆರೆಯಿಂದ 75 ಮೀಟರ್ ಬಿಡಬೇಕೆಂದಿತ್ತು; 2019ರ ಮಾರ್ಚಿನಲ್ಲಿ ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ಎಷ್ಟು ಮೀಟರ್ ಬಿಡಬೇಕೆಂಬ ವಾದ ಇನ್ನೂ ನಡೆಯಲಿ. ಹಳ್ಳದ ಒಡಲಲ್ಲೇ ಪಾಯ ತೋಡುವುದಕ್ಕೆ ಆ ವಾದದಲ್ಲಿ ಜಾಗವಿಲ್ಲ.

2020ರ ಅಕ್ಟೋಬರಿನಲ್ಲಿ ಭೀಮಾ ಉಕ್ಕಿದ್ದನ್ನು ನಮ್ಮ ಯಾದಗಿರಿ ಜಿಲ್ಲೆಯೇ ಕಂಡಿದೆ. ಹೊಳೆ ತುಂಬಿದ್ದಾಗ ಅದನ್ನು ಸೇರುವ ಹಳ್ಳಗಳ ನೀರು ಹಿಂದಕ್ಕೆ ಒತ್ತುತ್ತದೆ. ಆಗ ಹಳ್ಳಕ್ಕೆ ಅಗಲ ಬೇಕು. ಅದು ಇಲ್ಲದಿದ್ದರೆ ನೀರು ಮೊದಲು ನುಗ್ಗುವುದು ತಗ್ಗಿನ ಓಣಿಯ ಮನೆಗಳಿಗೆ. ಪ್ಲಾಟು ಮಾರಿದವರು ಅಲ್ಲಿ ಇರುವುದಿಲ್ಲ.

ಆದ್ದರಿಂದ ಪಂಚಾಯಿತಿಯವರಲ್ಲಿ ಕೇಳುವುದಿಷ್ಟು. ಈ ಬೇಸಿಗೆ ಮುಗಿಯುವುದರೊಳಗೆ ನಿಮ್ಮ ವ್ಯಾಪ್ತಿಯ ಹಳ್ಳಗಳ ಅಳತೆಗೆ ತಹಶೀಲ್ದಾರರಿಗೆ ಬರೆಯಿರಿ. ಎರಡೂ ದಂಡೆಗೆ ಕಲ್ಲು ನೆಡಿಸಿ. ಗ್ರಾಮ ನಕ್ಷೆಯಲ್ಲಿ ಹಳ್ಳವನ್ನು ಗುರುತಿಸಿ ಪಂಚಾಯಿತಿ ಗೋಡೆಗೆ ಹಚ್ಚಿ. ಅದನ್ನು ನೋಡದೆ ಯಾವ ಲೇಔಟಿಗೂ ಸಹಿ ಹಾಕಬೇಡಿ. ಅಳತೆಯ ದಿನ ಎರಡೂ ಬದಿಯ ಹೊಲದವರನ್ನು ಕರೆಯಿರಿ, ನಮಗೂ ತಿಳಿಸಿ. ಸರಪಳಿ ಹಿಡಿಯಲು ಬರುತ್ತೇವೆ.

ಇಂತಿ,
ಸೈದಾಪುರದ ಒಬ್ಬ ನಿವಾಸಿ