ಅಪೀಲು ಆಮೇಲೆ, ವಸೂಲಿ ಮೊದಲು

(2024ರ ಮಾರ್ಚ್. ಉಡುಪಿಯಲ್ಲಿ ಆಡಿಟರ ಆಫೀಸು. ಕಾರ್ಕಳದ ಗೇರುಬೀಜ ಫ್ಯಾಕ್ಟರಿಯ ಧಣಿ ಬೆವರು ಒರೆಸುತ್ತಾ ಬರುತ್ತಾರೆ. 1906ರಲ್ಲಿ ಕಾರ್ಪೊರೇಷನ್ ಬ್ಯಾಂಕು ಹುಟ್ಟಿದ ಊರು ಉಡುಪಿ. ಬ್ಯಾಂಕುಗಳ ತವರಿನಲ್ಲೇ ಧಣಿಯ ಕೈ ಖಾಲಿ.)

ಧಣಿ: ಎಂತ ಮಾರಾಯ್ರೆ ಇದು? ಅಪೀಲು ಹಾಕಿದ್ದೇವಲ್ಲ? ಮಣಿಪಾಲದ ಖಾತೆಯಿಂದ ಒಂದು ರೂಪಾಯಿ ತೆಗೆಯಲಿಕ್ಕೆ ಬಿಡುವುದಿಲ್ಲ. ಶನಿವಾರ ಬೀಜ ಸುಲಿಯುವ ಹೆಂಗಸರಿಗೆ ಬಟವಾಡೆ ಉಂಟು!

ಆಡಿಟರ್: ಬ್ಯಾಂಕಿಗೆ ಆದಾಯ ತೆರಿಗೆಯವರ 226(3)ರ ನೋಟಿಸು. ಅಪೀಲು ಬೇರೆ, ಸ್ಟೇ ಬೇರೆ ಧಣಿಗಳೇ. ಸ್ಟೇಗೆ 220(6)ರಲ್ಲಿ ಅರ್ಜಿ ಕೊಟ್ಟಿದ್ದೇನೆ.

ಧಣಿ: ಯಾರಿಗೆ?

ಆಡಿಟರ್: ತೆರಿಗೆ ಹಾಕಿದ ಅಧಿಕಾರಿಗೇ.

ಧಣಿ: ಹೊಡೆದವನ ಹತ್ತಿರವೇ ಮುಲಾಮು ಕೇಳುವುದಾ?

ಆಡಿಟರ್: ಕೇಳಿದ ತೆರಿಗೆಯ 20 ಪರ್ಸೆಂಟ್ ಕಟ್ಟಿದರೆ ಉಳಿದದ್ದಕ್ಕೆ ತಡೆ. 15 ಇತ್ತು, 2017ರ ಜುಲೈಯಲ್ಲಿ ಏರಿಸಿದರು. ಕಮ್ಮಿ ಮಾಡುವ ಅಧಿಕಾರ ಅಧಿಕಾರಿಗೆ ಉಂಟೆಂದು ಸುಪ್ರೀಂ ಕೋರ್ಟು 2018ರಲ್ಲೇ ಹೇಳಿದೆ.

ಧಣಿ: ಮತ್ತೆ ಮಾಡಲಿ!

ಆಡಿಟರ್: ಮಾರ್ಚ್ ತಿಂಗಳು. ವಸೂಲಿ ಟಾರ್ಗೆಟ್ಟಿನ ಎದುರು ಸುಪ್ರೀಂ ಕೋರ್ಟೂ ಏಪ್ರಿಲ್‌ವರೆಗೆ ಕಾಯಬೇಕು.

ಧಣಿ: ಅಪೀಲಿನವರ ಮುಖ ನೋಡಿ ಮಾತಾಡಿ ಬರುವ.

ಆಡಿಟರ್: ಈಗ ಎಲ್ಲ ಫೇಸ್‌ಲೆಸ್.

ಧಣಿ: ಮುಖ ಇಲ್ಲದವರಿಗೆ ಕೈ ಹೇಗೆ ಇಷ್ಟು ಉದ್ದ? ಕಾಪುವಿನ ನನ್ನ ಭಾವನಿಗೂ ನೋಟಿಸು ಹೋಗಿದೆ!

ಆಡಿಟರ್: ನಿಮಗೆ ಹಣ ಕೊಡಬೇಕಾದವರಿಗೆಲ್ಲ ಹೋಗುತ್ತದೆ.

ಧಣಿ: (ಮುಖ ಅರಳಿ) ಹೌದಾ? ವರ್ಷಗಟ್ಟಲೆ ನನ್ನಿಂದ ವಸೂಲಾಗದ ಬಾಕಿ ಅದು! ಇನ್ನೂ ಮೂವರ ವಿಳಾಸ ಕೊಡ್ತೇನೆ, ಬರ್ಕೊಳ್ಳಿ.