ಅಕ್ಷತಾರ್ಥಶಾಸ್ತ್ರ: ನಾಲ್ಕು ಕಾಳಿನ ಮೇಲೊಂದು ಮೀಮಾಂಸೆ

ದೇವರಿಗೆ ಉಪಚಾರಗಳು 16 ಎಂಬುದು ಸರ್ವಸಮ್ಮತ. ಅಷ್ಟನ್ನೂ ಸಾಕ್ಷಾತ್ತಾಗಿ ಒದಗಿಸಿದ ಗೃಹಸ್ಥ ಮಾತ್ರ ಈ ಸಂಶೋಧಕನ ಕಣ್ಣಿಗೆ ಇದುವರೆಗೆ ಬಿದ್ದಿಲ್ಲ. ಆಸನ ಎಂದರೆ ನಾಲ್ಕು ಕಾಳು ಅಕ್ಷತೆ. ವಸ್ತ್ರಕ್ಕೆ ಹತ್ತಿಯ ಗೆಜ್ಜೆವಸ್ತ್ರವಾದರೂ ಇದೆ. ಆಭರಣಕ್ಕೆ ಮತ್ತೆ ಅಕ್ಷತೆ. ಕೊನೆಗೆ ಬರುವ ರಾಜೋಪಚಾರದಲ್ಲಂತೂ ಛತ್ರ, ಚಾಮರ, ನೃತ್ಯ, ಗೀತ, ಪಲ್ಲಕ್ಕಿ, ಕುದುರೆ, ಆನೆ ಎಲ್ಲವೂ ಆ ಒಂದೇ ಬಟ್ಟಲಿನಿಂದ ಹೊರಡುತ್ತವೆ. ಬಾಡಿಗೆ ಮನೆಯ ಎರಡನೇ ಮಹಡಿಯಲ್ಲಿ ದೇವರನ್ನು ಆನೆಯ ಮೇಲೆ ಹತ್ತಿಸಿ ಇಳಿಸುವುದು ಅರ್ಧ ನಿಮಿಷದ ಕೆಲಸ. ಕೆಳಗಿನ ಮನೆ ಓನರಿಗೆ ಸುದ್ದಿಯೂ ಮುಟ್ಟುವುದಿಲ್ಲ.

ಒಂದು ಆನೆಗೆ ನಾಲ್ಕು ಕಾಳು, ಒಂದು ಚಾಮರಕ್ಕೂ ನಾಲ್ಕು ಕಾಳು. ಈ ದರವನ್ನು ನಿಗದಿ ಮಾಡಿದವರು ಯಾರು?

ಇಲ್ಲಿ ಜೈಮಿನಿಯ ಮೊರೆ ಹೋಗದೆ ಗತಿಯಿಲ್ಲ. ಪೂರ್ವಮೀಮಾಂಸಾ ಸೂತ್ರಗಳ 6ನೇ ಅಧ್ಯಾಯದಲ್ಲಿ ‘ಪ್ರತಿನಿಧಿ’ಯ ದೊಡ್ಡ ಚರ್ಚೆಯೇ ಇದೆ. ಯಾಗಕ್ಕೆ ಬೇಕಾದ ವ್ರೀಹಿ, ಅಂದರೆ ಭತ್ತ, ಸಿಗದಿದ್ದರೆ ನೀವಾರವೆಂಬ ಕಾಡುಭತ್ತ ಆದೀತು. ಸೋಮಲತೆ ಸಿಗದಿದ್ದರೆ ಪೂತಿಕ. ಆದರೆ ಬದಲಿ ವಸ್ತು ಮೂಲವನ್ನು ಹೋಲಬೇಕು. ದೇವತೆಗಾಗಲಿ, ಅಗ್ನಿಗಾಗಲಿ, ಮಂತ್ರಕ್ಕಾಗಲಿ ಬದಲಿಯೇ ಇಲ್ಲ. (ಮಂತ್ರದ ವಿಷಯದಲ್ಲಿ ಜೈಮಿನಿಗೆ ಕ್ಯಾಸೆಟ್ಟು ಗೊತ್ತಿರಲಿಲ್ಲ, ಪಾಪ.) ಕಾಡುಭತ್ತ ಭತ್ತವನ್ನು ಹೋಲುತ್ತದೆ, ಒಪ್ಪಿದೆವು. ಅಕ್ಕಿ ಆನೆಯನ್ನು ಹೋಲುವುದು ಎಲ್ಲಿ?

ಎರಡೂ ಸ್ವರಾಕ್ಷರದಿಂದ ಶುರುವಾಗುತ್ತವೆ ಎಂಬುದು ಒಂದು ಪೂರ್ವಪಕ್ಷ. ಹಾಗಾದರೆ ಇಡ್ಲಿಯೂ ಆಗಬಹುದಿತ್ತು. ಮೈಸೂರು ದಸರೆಯ ಆನೆಗಳಿಗೆ ತಿನ್ನಿಸುವ ಕುಸುರೆಯಲ್ಲಿ ಭತ್ತವಿರುವುದರಿಂದ ಇದು ಆನೆಯೊಳಗಿನ ಅಕ್ಕಿ ಎಂಬುದು ಇನ್ನೊಂದು. ಇದು ಕೊಂಚ ಗಟ್ಟಿ, ಆದರೆ ಚಾಮರ ಅಕ್ಕಿ ತಿನ್ನುವುದಿಲ್ಲ.

ಹಾಗಾಗಿ ಅಕ್ಷತೆ ಪ್ರತಿನಿಧಿಯಲ್ಲ, ನಾಣ್ಯ. ಹೆಸರೇ ಹೇಳುತ್ತದೆ: ಕ್ಷತವಾಗದ್ದು, ಮುರಿಯದ್ದು. ನುಚ್ಚು ಸವೆದ ನಾಣ್ಯದಂತೆ ಚಲಾವಣೆಗೆ ಬಾರದು, ಉಪ್ಪಿಟ್ಟಿಗೆ ಹೋಗಬೇಕು. ಅರಿಸಿನವೋ ಕುಂಕುಮವೋ ಸವರಿದ್ದು ಟಂಕಸಾಲೆಯ ಮುದ್ರೆ. ವಿಷ್ಣುವಿಗೆ ಅಕ್ಷತೆ ಸಲ್ಲದು ಎಂಬ ವಚನವೊಂದಿದೆ. ಆ ಕೌಂಟರಿನಲ್ಲಿ ತುಳಸಿಯೇ ನಡೆಯಬೇಕು. ಆದರೂ ಸತ್ಯನಾರಾಯಣ ಪೂಜೆಯಲ್ಲಿ ಮುಷ್ಟಿಗಟ್ಟಲೆ ಬೀಳುತ್ತದೆ, ಯಾರೂ ವಾಪಸು ಮಾಡಿದ್ದಿಲ್ಲ.

ಈ ನಾಣ್ಯ ನಡೆಯದ ಜಾಗಗಳನ್ನು ಹುಡುಕಿದಾಗಲೇ ಸಿದ್ಧಾಂತ ಹೊಳೆದದ್ದು. ಕ್ಷೇತ್ರಕಾರ್ಯ ನಡೆದದ್ದು ಭಾದ್ರಪದ ಶುಕ್ಲ ಚೌತಿಯಂದು, ನಮ್ಮ ನಡುಮನೆಯಲ್ಲಿ. ಗಣಪತಿಗೆ 21 ಪತ್ರೆ ಏರಿಸಬೇಕು. ಗಾಂಧಿಬಜಾರಿನಿಂದ ತಂದ ಕಟ್ಟಿನಲ್ಲಿ ಗರಿಕೆ, ಬಿಲ್ವ, ಎಕ್ಕ ಗುರುತು ಸಿಕ್ಕವು. ಮಿಕ್ಕದ್ದು ಯಾರದೋ ಬೇಲಿ. ದೇವದಾರು ಎಂದಾಗ ಅಕ್ಷತೆ, ಅರ್ಜುನ ಎಂದಾಗ ಅಕ್ಷತೆ. ಗಣಪತಿ ಏನೂ ಅನ್ನಲಿಲ್ಲ. ಆದರೆ ನೈವೇದ್ಯ ಬಂದಾಗ ಅಕ್ಷತೆಯ ಬಟ್ಟಲು ತಾನಾಗಿ ಹಿಂದೆ ಸರಿದು, 21 ಕಡುಬು ಹಬೆಯಾಡುತ್ತಾ ಮುಂದೆ ಬಂದವು. ವ್ರತದ ಲೆಕ್ಕದಂತೆ 10 ವಿಪ್ರರಿಗೆ, 10 ಮನೆಯವರಿಗೆ, 1 ದೇವರಿಗೆ. ದಕ್ಷಿಣೆಯ ಘಟ್ಟದಲ್ಲಿ ಪುರೋಹಿತರು ಮೊಬೈಲು ತೆಗೆದು ಕ್ಯೂಆರ್ ಕೋಡ್ ತೋರಿಸಿದರು.

ಸಿದ್ಧಾಂತವಿಷ್ಟು: ದೇವರೊಬ್ಬನೇ ಬಳಸುವ ವಸ್ತುವಿಗೆ ಅಕ್ಷತೆ ನಡೆಯುತ್ತದೆ, ಮನುಷ್ಯನ ಪಾಲಿರುವ ವಸ್ತುವಿಗೆ ನಡೆಯುವುದಿಲ್ಲ.

ಸಂಭ್ರಮ ತಡೆಯಲಾರದೆ ಅಡುಗೆಮನೆಗೆ ಹೋಗಿ ಇದನ್ನು ಮಂಡಿಸಿದೆ. ಬೆಳಿಗ್ಗೆ ನಾಲ್ಕಕ್ಕೇ ಎದ್ದು ಕಾಯಿ ತುರಿದು ಹೂರಣ ಕಟ್ಟಿದ್ದ ಹೆಂಡತಿ ಪೂರ್ತಿ ಕೇಳಿಸಿಕೊಂಡಳು. “ನೀವು ಬೆಳಗಿನಿಂದ ಮಾಡಿದ್ದು ಇದಾ?” ಎಂದಳು. ಸಂಶೋಧಕ ಹೌದೆಂದ.

ಊಟಕ್ಕೆ ಕೂತಾಗ ಎಲ್ಲರ ಎಲೆಗೂ ಕಡುಬು ಬಿತ್ತು, ಮೇಲೆ ತುಪ್ಪ. ನನ್ನ ಎಲೆಯ ಹತ್ತಿರ ಬಂದವಳು ಬೇರೊಂದು ಬಟ್ಟಲಿಗೆ ಕೈ ಹಾಕಿ, “ಮೋದಕಾರ್ಥೇ, ರೀ” ಎಂದು ಹಳದಿ ಕಾಳು ಉದುರಿಸಿ ಮುಂದಿನ ಎಲೆಗೆ ಹೋದಳು.

ಎಣಿಸಿದೆ. 21 ಇದ್ದವು. ಒಂದೂ ಮುರಿದಿರಲಿಲ್ಲ.