ನಿಮಗಿಂತ ಬಲ್ಲವರ ನೇಮಕ: ಬಳಕೆದಾರರ ಕೈಪಿಡಿ

ಕೊಳ್ಳುವ ಮುನ್ನ: ಈ ಕೈಪಿಡಿ ಧಣಿಗಳಿಗೆ ಮಾತ್ರ. ಎದುರು ಕೂತವರು ತಮಗಿಂತ ಬುದ್ಧಿವಂತರೆಂದರೆ ಮೈ ಪರಚಿಕೊಳ್ಳುವವರು ಇದನ್ನು ಇಲ್ಲಿಗೇ ಮಡಚಿಟ್ಟು, ಎಲ್ಲಕ್ಕೂ ತಲೆಯಾಡಿಸುವ ಭಾವಮೈದುನನನ್ನು ನೇಮಿಸಿಕೊಳ್ಳಬಹುದು. ಸರ್ವೀಸ್ ಖರ್ಚು ಕಡಿಮೆ.

ಮಾದರಿಗೆ ಮೈಸೂರಿನ ನಮೂನೆಯನ್ನೇ ಇಟ್ಟುಕೊಳ್ಳೋಣ. 1909ರಲ್ಲಿ ದೊರೆ ನಾಲ್ವಡಿ ಕೃಷ್ಣರಾಜ ಒಡೆಯರಿಗೆ 25 ವರ್ಷ. ಮುಖ್ಯ ಎಂಜಿನಿಯರಾಗಿ ಬಂದ ವಿಶ್ವೇಶ್ವರಯ್ಯನವರೋ ಮುಂಬಯಿ ಸರ್ಕಾರದ ಸೇವೆಯಲ್ಲಿದ್ದಾಗ ಖಡಕ್‌ವಾಸ್ಲಾ ಜಲಾಶಯಕ್ಕೆ ತಾವೇ ರೂಪಿಸಿದ ಸ್ವಯಂಚಾಲಿತ ಬಾಗಿಲು ಕೂರಿಸಿ, ಆ ಸೇವೆ ಮುಗಿಸಿ, ಮೂಸಿ ನದಿಯ ಪ್ರವಾಹದಿಂದ ತತ್ತರಿಸಿದ್ದ ಹೈದರಾಬಾದಿಗೆ ಉಪಾಯ ಹೇಳಿದ್ದವರು. ಇಂಥವರನ್ನು ಸಂದರ್ಶನ ಮಾಡುವ ಯೋಗ ಧಣಿಗಿಲ್ಲ; ಅವರೇ ಧಣಿಯನ್ನು ಸಂದರ್ಶನ ಮಾಡುತ್ತಾರೆ. ಕೈಗಾರಿಕೆಗೂ ತಾಂತ್ರಿಕ ಶಿಕ್ಷಣಕ್ಕೂ ನಿಮ್ಮಲ್ಲಿ ಅವಕಾಶವಿದೆಯೇ ಎಂದು ಮೊದಲು ಕೇಳಿ, ಭರವಸೆ ಸಿಕ್ಕ ಮೇಲೇ ಅವರು ಮೈಸೂರಿಗೆ ಬಂದದ್ದು. ಸಂಬಳವೆಷ್ಟು ಎಂದಷ್ಟೇ ಕೇಳುವ ಅಭ್ಯರ್ಥಿ ಬಂದರೆ ಪೊಟ್ಟಣದ ಸೀಲು ಒಡೆಯಬೇಡಿ.

ಚಾಲೂ ಮಾಡುವುದು: ನಿಮಗೆ ತಲೆಬುಡ ತಿಳಿಯದ ನಕ್ಷೆಯೊಂದು ಬೇಗನೆ ಮೇಜಿಗೆ ಬರುತ್ತದೆ. ತಿಳಿದವರಂತೆ ಕನ್ನಡಕ ಏರಿಸಬೇಡಿ, ಅವರಿಗೆ ಗೊತ್ತಾಗಿಬಿಡುತ್ತದೆ. ಕನ್ನಂಬಾಡಿ ಕಟ್ಟೆಯ ಯೋಜನೆ ಬಂದಾಗ, ಅಷ್ಟು ವಿದ್ಯುತ್ತನ್ನು ಕೊಳ್ಳುವವರು ಯಾರು ಎಂದು ಹಣಕಾಸಿನವರೂ ನಮ್ಮ ನೀರಿನ ಗತಿಯೇನು ಎಂದು ಮದ್ರಾಸಿನವರೂ ಅಡ್ಡ ನಿಂತರು. ಒಡೆಯರು ಗಾರೆಯ ಹದ ಕಲಿಯಲು ಕೂರಲಿಲ್ಲ. ಕಟ್ಟುವುದು ಹೇಗೆಂಬುದು ಬಲ್ಲವರಿಗೆ ಬಿಟ್ಟದ್ದು, ದುಡ್ಡು ಕೊಡುವುದೋ ಬಿಡುವುದೋ ದೊರೆಯ ತಲೆನೋವು. 1911ರಲ್ಲಿ 81 ಲಕ್ಷ ರೂಪಾಯಿ ಮಂಜೂರಾಯಿತು. ಮರುವರ್ಷ ಎಂಜಿನಿಯರೇ ದಿವಾನರಾದರು. ಆಮೇಲೆ ಯಂತ್ರ ಬಿಸಿಯಾಗಿಯೇ ಇತ್ತು: 1913ಕ್ಕೆ ಬ್ಯಾಂಕು, 1915ಕ್ಕೆ ಸಾಹಿತ್ಯ ಪರಿಷತ್ತು, 1916ಕ್ಕೆ ವಿಶ್ವವಿದ್ಯಾಲಯ. ಕುಲಾಧಿಪತಿಯ ಪಟ್ಟ ಒಡೆಯರಿಗೇ ಬಂತು, ಹೊಟ್ಟೆಯುರಿಗೆ ಕಾರಣವೇ ಇರಲಿಲ್ಲ.

ಎಚ್ಚರಿಕೆ! ಒಂದನ್ನು ಬಲ್ಲವರು ಎಲ್ಲವನ್ನೂ ಬಲ್ಲರೆಂದು ನಂಬಿ ಸ್ವಿಚ್ಚು ಅವರ ಕೈಗೇ ಕೊಟ್ಟುಬಿಡುವ ಧಣಿಗಳೇ ಹೆಚ್ಚು. ಸರ್ಕಾರಿ ಹುದ್ದೆಗಳ ತುಂಬ ಬ್ರಾಹ್ಮಣರೇ ಇದ್ದಾರೆ, ನಮಗೂ ಪಾಲು ಬೇಕು ಎಂದು ಬ್ರಾಹ್ಮಣೇತರ ಮುಖಂಡರು ಕೇಳಿದಾಗ, ಹಾಗೆ ಮಾಡಿದರೆ ಆಡಳಿತದ ದಕ್ಷತೆ ಕುಸಿಯುತ್ತದೆ ಎಂಬುದು ದಿವಾನರ ನಿಲುವಾಗಿತ್ತು. ಕಟ್ಟೆಯ ಎತ್ತರ ಲೆಕ್ಕಹಾಕಿದ ತಲೆಯೇ, ಆದರೆ ಅಲ್ಲಿ ಅಳೆಯಬೇಕಿದ್ದದ್ದು ನೀರನ್ನಲ್ಲ. ಆ ಬೇಡಿಕೆ ಪರಿಶೀಲಿಸಲು ಒಡೆಯರು 1918ರಲ್ಲಿ ನ್ಯಾಯಾಧೀಶ ಲೆಸ್ಲಿ ಮಿಲ್ಲರ್ ನೇತೃತ್ವದ ಸಮಿತಿ ನೇಮಿಸಿದರು. ದಿವಾನರು ಅದೇ ವರ್ಷ ಹುದ್ದೆ ಬಿಟ್ಟರು. ಕಟ್ಟೆಗೆ ಸಹಿ ಹಾಕಿದ ದಿನಕ್ಕಿಂತ ಸಮಿತಿಗೆ ಸಹಿ ಹಾಕಿದ ದಿನವೇ ನನಗೆ ದೊಡ್ಡದಾಗಿ ಕಾಣುತ್ತದೆ. ಅಷ್ಟು ವರ್ಷ ಹೂಂಗುಟ್ಟಿದ ದೊರೆಗೆ ಊಹೂಂ ಅನ್ನುವುದು ಮರೆತುಹೋಗಿರಲಿಲ್ಲ.

ಮರುಬಳಕೆ: ಬಿಟ್ಟುಹೋದವರ ಮೇಲೆ ಹಲ್ಲು ಮಸೆದರೆ ವಾರಂಟಿ ರದ್ದು. ಭದ್ರಾವತಿಯ ಕಬ್ಬಿಣದ ಕಾರ್ಖಾನೆ 1923ರಲ್ಲಿ ಕುಲುಮೆ ಹೊತ್ತಿಸಿ ನಷ್ಟಕ್ಕೆ ಜಾರಿದಾಗ, ಅಧ್ಯಕ್ಷರಾಗಿ ಬನ್ನಿ ಎಂದು ಸಂಸ್ಥಾನ ಕರೆದದ್ದು ಅದೇ ಮಾಜಿ ದಿವಾನರನ್ನು. ಅವರೂ ಬಂದರು. ಬಿಗುಮಾನ ಎರಡೂ ಕಡೆ ಇದ್ದಿರಬಹುದು. ನಷ್ಟದ ಲೆಕ್ಕಪತ್ರದ ಎದುರು ಅದಕ್ಕೊಂದು ಕುರ್ಚಿ ಹಾಕಲು ಯಾರಿಗೂ ಪುರುಸೊತ್ತಿರಲಿಲ್ಲ.